ತನಗೇ ವಿರುದ್ಧವಾದ ಮಾತು

ಚಾತುರ್ಮಾಸ ಮುಗಿಯುವ ತನಕ ಊರ ಸೀಮೆ ದಾಟುವುದಿಲ್ಲವೆಂದು ರಾಜಮತಿ ಬಸದಿಯಲ್ಲಿ ಮುನಿಮಹಾರಾಜರ ಮುಂದೆ ನಿಯಮ ತೆಗೆದುಕೊಂಡರು. ಮಳೆಗಾಲದಲ್ಲಿ ನೆಲದ ಮೇಲೆ ಹುಳುಹುಪ್ಪಟೆ ಹೆಚ್ಚು. ತಿರುಗಾಟ ಕಡಿಮೆಯಾದಷ್ಟೂ ಹಿಂಸೆ ಕಡಿಮೆ. ದಿಗ್ಗೇವಾಡಿಯ ಜೈನ ಮನೆಗಳಲ್ಲಿ ವಯಸ್ಸಾದವರು ಈ ಕಾಲಕ್ಕೆ ತಮ್ಮ ಕೈಲಾದ ಒಂದು ನಿಯಮ ಹಿಡಿಯುತ್ತಾರೆ. ಕೆಲವರು ಸೊಪ್ಪು ಬಿಡುತ್ತಾರೆ, ಕೆಲವರು ಒಂದೇ ಹೊತ್ತು ಉಣ್ಣುತ್ತಾರೆ.

ನಿಯಮ ತೆಗೆದುಕೊಳ್ಳುವ ಮೊದಲು ರಾಜಮತಿ ಮಗನನ್ನು ಕೇಳದೆ ಇರಲಿಲ್ಲ.

"ಧನಪಾಲ, ನಡುವ ಕೋರ್ಟಿಗೆ ಬಾ ಅಂದ್ರ ಹೆಂಗ ಮಾಡೂದು?"

ಎಮ್ಮೆಗೆ ಹಿಂಡಿ ಕಲಸುತ್ತಿದ್ದ ಧನಪಾಲ ತಲೆ ಎತ್ತಲಿಲ್ಲ. "ಇಪ್ಪತ್ತಾರ ವರ್ಷದಾಗ ನಿನ್ನ ಸಾಕ್ಷಿ ಕಟಕಟಿ ಹತ್ತಸಲಿಲ್ಲ. ಈ ನಾಕ ತಿಂಗಳದಾಗ ಹತ್ತಸ್ತಾರೇನ? ಆರಾಮ ತೊಗೊ ಅವ್ವಾ."

ಅವನ ಮಾತಿನಲ್ಲಿ ಕುಹಕವಿದ್ದರೂ ಸುಳ್ಳಿರಲಿಲ್ಲ. ತವರಿನ ಹೊಲದ ಪಾಲಿಗಾಗಿ ರಾಜಮತಿ ದಾವೆ ಹಾಕಿದಾಗ ಅವನಿಗೆ ಮೀಸೆ ಚಿಗುರಿತ್ತು, ಈಗ ಅದು ಬೆಳ್ಳಗಾಗಿತ್ತು. ಈ ನಡುವೆ ಎದುರಾಳಿಯಾಗಿದ್ದ ಸೋದರಮಾವ ತೀರಿಕೊಂಡ. ಅವನ ಹೆಂಡತಿ, ಮಗನ ಹೆಸರು ಸೇರಿಸಲು ವರ್ಷಗಳು ಹೋದವು. ಒಂದು ಅರ್ಜಿಯ ಮೇಲೆ ತಡೆ ಬಂತು, ತಡೆ ತೆರವಾಗುವಷ್ಟರಲ್ಲಿ ಇವರ ವಕೀಲರೇ ಹಾಸಿಗೆ ಹಿಡಿದರು. ಆಮೇಲೆ ಕಡತ ಅವರ ಕೈಕೆಳಗಿದ್ದ ಕುಡಚಿಯ ಹುಡುಗಿ ಕಹಕಶಾಳ ಪಾಲಿಗೆ ಬಂತು.

ನಿಯಮ ಹಿಡಿದ ಮುಂದಿನ ವಾರ ಅದೇ ಕಹಕಶಾ ಸ್ಕೂಟಿ ನಿಲ್ಲಿಸಿ, ರೇನ್‌ಕೋಟು ಕಳಚುತ್ತಲೇ ಒಳಗೆ ಬಂದಳು.

"ಅಜ್ಜಿ, ಧಾರವಾಡದಾಗ ನಮ್ಮ ಅರ್ಜಿ ಆತ್ರಿ. ನಾಕ ತಿಂಗಳದಾಗ ಕೇಸ ಮುಗಸಬೇಕು, ಯಾರಿಗೂ ಸುಮ್ಮಸುಮ್ಮನ ವಾಯಿದೆ ಕೊಡಬಾರದು ಅಂತ ಹೈಕೋರ್ಟ್ ಕೆಳಗಿನ ಕೋರ್ಟಿಗೆ ಹೇಳೇತಿ. ಮುದುಕರ ಕೇಸ ಮುಂದ ಹಾಕಿದ್ರ ಅದ ಒಂದ ಶಿಕ್ಷಾ ಆಗತೈತಿ ಅಂದ್ರು ಜಡ್ಜ್ ಸಾಹೇಬ್ರು. ನಾ ಕಿವಿಯಾರೆ ಕೇಳೀನ್ರಿ."

ಧನಪಾಲನಿಗೆ ನಂಬಿಕೆ ಬರಲಿಲ್ಲ. "ನಿಮ್ಮ ವಯಸ್ಸೆಷ್ಟ್ರಿ ಬಾಯಿ?"

"ಕೇಸ ನನಗಿಂತ ಒಂದ ವರ್ಷ ದೊಡ್ಡದ್ರಿ ಕಾಕಾ. ಅದಕ್ಕ ಅದಕ್ಕೊಂದ ದಾರಿ ಮಾಡೋಣ ಅಂತ ಹೋಗಿದ್ದೆ."

ಕಾಲೇಜಿನಿಂದ ಬಂದು ಚೀಲ ಇಳಿಸುತ್ತಿದ್ದ ಮೊಮ್ಮಗಳು ಸ್ನೇಹಲ ನಕ್ಕಳು. "ಲಗ್ನದ ವಯಸ್ಸ ದಾಟೇತಿ ಅದರದು. ಲಗೂನ ಕಳಸ್ರಿ."

ಎಲ್ಲರೂ ನಕ್ಕರು. ಆಮೇಲೆ ಕಹಕಶಾ, ಮುಂದಿನ ತಿಂಗಳು ಮೊದಲ ಸಾಕ್ಷಿ ಅಜ್ಜಿಯದೇ, ಕೋರ್ಟಿಗೆ ಬರಬೇಕಾಗುತ್ತದೆ ಎಂದಳು. ಆಗ ನಗು ನಿಂತಿತು.

* * *

ಆ ಸಂಜೆ ಹೊತ್ತು ಮುಳುಗುವ ಮೊದಲಿನ ಊಟಕ್ಕೆ ಮನೀಷಾ ಬಿಸಿ ರೊಟ್ಟಿ, ಹೀರೆಕಾಯಿ ಪಲ್ಯ, ಹೆಸರುಬೇಳೆ ಕಟ್ಟು ಮಾಡಿದ್ದಳು. ಸೊಸೆಯಾಗಿ ಬಂದ ದಿನದಿಂದ ಈ ಮನೆಯ ಜಗಳಗಳೆಲ್ಲ ತಾಟಿನ ಮುಂದೆಯೇ ಶುರುವಾಗುವುದನ್ನು ಅವಳು ನೋಡಿದ್ದಳು. ಅದಕ್ಕೇ ಮೊದಲ ರೊಟ್ಟಿ ಮುಗಿಯುವ ತನಕ ಯಾರಿಗೂ ಮಾತಿಗೆ ಎಡೆ ಕೊಡದೆ ಬಡಿಸುತ್ತಿದ್ದಳು.

ಎರಡನೆಯ ರೊಟ್ಟಿಗೆ ಧನಪಾಲ ಬಾಯಿ ತೆರೆದ. "ನಾಳೆ ಮಹಾರಾಜರ ಕಡೆ ಹೋಗೂಣು. ಕೋರ್ಟಿನ ಕೆಲಸ ಐತಿ, ನಿಯಮ ಸಡಲ ಮಾಡ್ರಿ ಅಂತ ಕೇಳೂಣು. ಪ್ರಾಯಶ್ಚಿತ್ತ ಏನರೆ ಹೇಳತಾರ, ಮಾಡಿದ್ರಾತು."

"ಯಾಕ?" ಎಂದರು ರಾಜಮತಿ.

"ಯಾಕ ಅಂದ್ರ? ಸಾಕ್ಷಿ ಹೇಳಾಕ."

"ನನ್ನ ಮಾತು ಖರೆ ಅಂತ ಹೇಳಾಕ ನನ್ನ ಮಾತು ಮುರದು ಹೋಗಲೇನ?"

"ಅವ್ವಾ, ಇದು ಬಸದಿ ಅಲ್ಲ. ಅರ್ಧಾ ಹೊಲದ ಮಾತು."

"ನೀನ ಆರಾಮ ತೊಗೊ ಅಂದಿ."

ಧನಪಾಲ ಸಿಟ್ಟಿನಲ್ಲಿ ಕಟ್ಟಿನ ಬಟ್ಟಲನ್ನು ಆಚೆ ಸರಿಸಿದ. ಸ್ನೇಹಲ ಅದನ್ನು ತನ್ನ ಕಡೆ ಎಳೆದುಕೊಂಡು ಕುಡಿದಳು. "ಅಪ್ಪಾ, ನೀ ಸಿಟ್ಟ ಮಾಡು, ಕಟ್ಟ ಯಾಕ ಹಾಳ ಮಾಡತಿ."

ಮರುದಿನ ಮನೀಷಾ ಹಿತ್ತಿಲಲ್ಲಿ ಬಟ್ಟೆ ಹಿಂಡುತ್ತ ಕಹಕಶಾಳಿಗೆ ಫೋನು ಮಾಡಿ ನಿಯಮದ ವಿಷಯ ತಿಳಿಸಿದಳು. ಆಚೆ ಕಡೆಯಿಂದ ಕಹಕಶಾ ಅಂದಳು:

"ಅಕ್ಕಾ, ನಮ್ಮ ದಾದಿ, ಅಂದ್ರ ನಮ್ಮಜ್ಜಿನೂ ಹಿಂಗ ಇದ್ಲು. ರೋಜಾ ಉಪವಾಸ ಹಿಡದ್ರ ಡಾಕ್ಟರ್ ಬಂದ್ರೂ ಬಿಡತಿದ್ದಿಲ್ಲ. ಒಂದ ದಾರಿ ಐತಿ. ವಯಸ್ಸಾದವ್ರ ಸಾಕ್ಷಿ ಮನಿಗೇ ಬಂದು ಬರಕೊಳ್ಳಾಕ ಕೋರ್ಟು ಒಬ್ಬರ ಕಮಿಷನರನ್ನ ನೇಮಸಬಹುದು. ಅರ್ಜಿ ಹಾಕತೀನಿ."

ಎದುರು ಪಕ್ಷದ ವಕೀಲ ಆಬಾಸಾಹೇಬರು ಅರ್ಜಿಗೆ ತಕರಾರು ಮಾಡಿದರು: ಸಾಕ್ಷಿ ಗಟ್ಟಿಮುಟ್ಟಾಗಿದ್ದಾರೆ, ದಿನಾ ಬಸದಿಗೆ ನಡೆದು ಹೋಗುತ್ತಾರೆ, ಚಾತುರ್ಮಾಸ ಮುಗಿಸುವ ದೀಪಾವಳಿ ಕಳೆಯಲಿ, ಕೋರ್ಟಿಗೇ ಬರಲಿ. ನ್ಯಾಯಾಧೀಶರು ಹೈಕೋರ್ಟಿನ ಆದೇಶ ತೋರಿಸಿದರಂತೆ. ದೀಪಾವಳಿ ಕಾಯಲು ತಮಗೆ ಅಧಿಕಾರವಿಲ್ಲ. ಎಪ್ಪತ್ತಾರರ ಮುದುಕಿ ಕೋರ್ಟಿಗೆ ಬರುವುದಕ್ಕಿಂತ ಕೋರ್ಟು ಅವರ ಮನೆಗೆ ಹೋಗುವುದರಲ್ಲಿ ತಪ್ಪೇನಿಲ್ಲ. ಹಾಗೆಂದು ಅದೇ ದಿನ ಕಮಿಷನರನ್ನು ನೇಮಿಸಿದರು.

"ಅದ ದಿನಾ?" ಧನಪಾಲ ಎರಡು ಸಲ ಕೇಳಿದ. ಒಂದು ಅರ್ಜಿಗೆ ಅದೇ ದಿನ ಉತ್ತರ ಸಿಕ್ಕಿದ್ದನ್ನು ಅವನು ಕಂಡಿರಲಿಲ್ಲ. ಆ ಸಂಜೆ ಹಾಲು ಹಾಕಲು ಡೇರಿಗೆ ಹೋದವನು ಅಲ್ಲಿದ್ದವರಿಗೆಲ್ಲ ಇದನ್ನು ಹೇಳಿಕೊಂಡು ಬಂದ.

* * *

ಆದರೆ ನಿಜವಾದ ತೊಡಕು ಇನ್ನೂ ಮನೆಯೊಳಗೇ ಇತ್ತು.

ಕಬ್ಬೂರಿನ ಆ ಹೊಲ ರಾಜಮತಿಯವರ ತಂದೆ ಸ್ವಂತ ದುಡಿದು ಕೊಂಡದ್ದು. ಮಕ್ಕಳು ಇಬ್ಬರೇ, ಅವರು ಮತ್ತು ಅವರ ತಮ್ಮ. ತಂದೆ ಸತ್ತು ಸೂತಕ ಕಳೆದ ದಿನ, ಬಂಧುಗಳೆಲ್ಲ ಪಡಸಾಲೆಯಲ್ಲಿ ಕೂತಿದ್ದಾಗ, ರಾಜಮತಿ ತಾವಾಗಿ ಒಂದು ಮಾತು ಆಡಿದ್ದರು: ನನಗೆ ಹೊಲ ಬೇಡ, ತಮ್ಮ ಉಣ್ಣಲಿ. ಕೇಳಿದವರಲ್ಲಿ ಬದುಕಿದ್ದವರು ಈಗ ಇಬ್ಬರೋ ಮೂವರೋ. ಅಕ್ಕನಿಗೆ ನಾಲ್ಕು ತೊಲೆಯ ಬಿಲ್ವಾರ, ಚಿನ್ನದ ಬಳೆ, ಕೊಟ್ಟು ಪಾಲು ಬಿಡಿಸಿಕೊಂಡಿದ್ದೇನೆ ಎಂಬುದು ತಮ್ಮನ ವಾದವಾಗಿತ್ತು. ಈಗ ಅವನ ಮಗ ಶ್ರೇಣಿಕನ ವಾದವೂ ಅದೇ.

"ಆ ಮಾತು ಆಡಿದ್ರೇನು ಅಂತ ಅವರು ಕೇಳೇ ಕೇಳತಾರ," ಎಂದಳು ಕಹಕಶಾ, ಸಾಕ್ಷಿಯ ಹಿಂದಿನ ವಾರ ಬಂದು ಕೂತು. "ಆಡೀನಿ ಅಂದ್ರ ಅರ್ಧಾ ಅವರ ವಾದ ಒಪ್ಪಿಕೊಂಡಂಗ. ಬಿಲ್ವಾರ ಕೊಟ್ಟಿಲ್ಲ ಅನ್ನಾಕ ನಿಮ್ಮ ಬಾಯಿಮಾತ ಬಿಟ್ರ ಬ್ಯಾರೆ ಪುರಾವೆ ಇಲ್ಲ. ಕಷ್ಟ ಐತ್ರಿ ಅಜ್ಜಿ, ಮುಚ್ಚಿಡೂದಿಲ್ಲ."

"ನೆನಪಿಲ್ಲ ಅಂದ್ರ ಮುಗೀತು," ಎಂದ ಧನಪಾಲ. "ಮೂವತ್ತ ವರ್ಷದ ಹಿಂದಿನ ಮಾತು. ಯಾರಿಗಿ ನೆನಪಿರತೈತಿ?"

"ನಾ ಸುಳ್ಳ ಹೇಳ್ರಿ ಅನ್ನಾಂಗಿಲ್ಲ ಕಾಕಾ," ಎಂದಳು ಕಹಕಶಾ.

"ನೀವು ಅನಬ್ಯಾಡ್ರಿ. ನಾ ಅನ್ನತೀನಿ."

ಅಕ್ಕಿ ಆರಿಸುತ್ತಿದ್ದ ರಾಜಮತಿ ಒಂದು ಕಲ್ಲು ತೆಗೆದು ಪಕ್ಕಕ್ಕಿಟ್ಟರು. "ನಿಮ್ಮಪ್ಪ ಸತ್ತ ದಿನ ಏನ ಅಡಗಿ ಆಗಿತ್ತು ಅನ್ನೂದೂ ನೆನಪೈತಿ ನನಗ."

ಕಹಕಶಾ ಹೋದ ಮೇಲೆ ಧನಪಾಲ ದನಿ ಏರಿಸಿದ. "ಹುಡುಗಿ ಓಡ್ಯಾಡಿ ಹೈಕೋರ್ಟಿಂದ ಆದೇಶ ತಂದಾಳ. ಜಡ್ಜ್ ಅದ ದಿನಾ ಕಮಿಷನರನ್ನ ನೇಮಸ್ಯಾನ. ಇಷ್ಟ ಆದ ಮ್ಯಾಲ ಒಂದ ಮಾತಿನಾಗ ಎಲ್ಲಾ ಮಣ್ಣಾಗ ಹಾಕತಿಯೇನ? ಈ ಕೇಸಿನ ಸಲುವಾಗಿ ನಾ ಎಷ್ಟ ಬಸ್ ಹತ್ತೀನಿ, ಎಷ್ಟ ಮರದ ಬುಡಕ ಕುಂತೀನಿ, ನಿನಗ ಗೊತ್ತೈತೇನ?"

"ಗೊತ್ತೈತಿ."

"ಮತ್ತ?"

"ನಿನ್ನ ಶ್ರಮ ದೊಡ್ಡದು ಮಗಾ. ಅದಕ್ಕ ಸುಳ್ಳಿನ ಬೆಲೆ ಕಟ್ಟಬ್ಯಾಡ."

ಅವತ್ತಿನಿಂದ ಧನಪಾಲ ತಾಯಿಯ ಜೊತೆ ಮಾತು ಬಿಟ್ಟ. ಉಣ್ಣಲು ಕಬ್ಬಿನ ಗದ್ದೆಯಿಂದ ತಡವಾಗಿ, ಹೊತ್ತು ಮುಳುಗಲು ಇನ್ನೇನು ಸ್ವಲ್ಪ ಇರುವಾಗ ಬರುತ್ತಿದ್ದ. ಮನೀಷಾ ಅತ್ತೆಗೆ ಮೊದಲು, ಗಂಡನಿಗೆ ಆಮೇಲೆ ಎಂದು ಎರಡು ಸಲ ಒಲೆ ಹೊತ್ತಿಸಿದಳು. ಯಾರಿಗೂ ತಣ್ಣಗಿನ ರೊಟ್ಟಿ ಹಾಕಲಿಲ್ಲ, ಯಾರ ಪರವೂ ಮಾತಾಡಲಿಲ್ಲ.

"ಮಮ್ಮಿ, ನಿನಗ ಏನ ಅನಸತೈತಿ? ಆಯಿ ಸಾಕ್ಷಿಯಾಗ ಖರೆ ಹೇಳಬೇಕೋ ಬ್ಯಾಡೋ?" ಸ್ನೇಹಲ ಹಿಟ್ಟು ನಾದುತ್ತ ಕೇಳಿದಳು.

"ಹೇಳಬ್ಯಾಡ ಅಂದ್ರ ಅವರು ಹೇಳದ ಇರತಾರೇನ?"

"ಇಲ್ಲ."

"ಮತ್ತ ಹಿಟ್ಟಿಗಿ ನೀರ ಹಾಕು. ಬಿರಿಯಾಕತ್ತೈತಿ."

* * *

ಕಮಿಷನರ್ ಬರುವ ದಿನ ಬೆಳಿಗ್ಗೆ ಧನಪಾಲ ಅಡುಗೆಮನೆಯ ಬಾಗಿಲಿಗೆ ಬಂದು ಹೆಂಡತಿಯ ಕೈ ನೋಡಿದ. ಅವಳ ಕೈಯಲ್ಲಿದ್ದ ಬಿಲ್ವಾರ ರಾಜಮತಿ ಮದುವೆಯಲ್ಲಿ ತೊಟ್ಟು ಬಂದವು. ಗಂಡ ತೀರಿಕೊಂಡ ಮೇಲೆ ಸೊಸೆಗೆ ಕೊಟ್ಟಿದ್ದರು.

"ಅವನ್ನ ತಗದಿಡು. ನೋಡಿದ್ರ ಇವ ಆ ಬಿಲ್ವಾರ ಅಂತಾರ."

ಮನೀಷಾ ಕೈಗೆ ಸಾಬೂನು ಹಚ್ಚಿಕೊಂಡಳು. ಒಂದು ಅರ್ಧ ಇಳಿದಿತ್ತು, ಅಷ್ಟರಲ್ಲಿ ದೇವರ ಕೋಣೆಯಿಂದ ಅತ್ತೆ ಬಂದರು.

"ಯಾಕ ತಗ್ಯಾಕತ್ತಿ?"

ಮನೀಷಾ ಗಂಡನ ಕಡೆ ನೋಡಿದಳು.

"ಹಾಕ್ಕೊ," ಎಂದರು ರಾಜಮತಿ. "ತಗದ್ರ ತುಡಗ ಮಾಡಿದಂಗ ಆಗತೈತಿ. ನಮ್ಮಪ್ಪ ಹಾಕಿದ್ದು ನಾ ಯಾಕ ಮುಚ್ಚಲಿ?"

ಮನೀಷಾ ಬಳೆ ಮೇಲೇರಿಸಿ ಕೈ ತೊಳೆದುಕೊಂಡಳು. ಧನಪಾಲ ಹೋಗಿ ಪಡಸಾಲೆಯಲ್ಲಿ ಜಮಖಾನೆ ಹಾಸಿದ.

ಕಮಿಷನರ್ ಮಧ್ಯವಯಸ್ಸಿನ ಮೆದು ಮಾತಿನ ವಕೀಲರು. ಟೈಪಿಸ್ಟ್ ಹುಡುಗಿ ಲ್ಯಾಪ್‌ಟಾಪಿಗೆ ಪ್ಲಗ್ಗು ಹುಡುಕಿದಳು. ಆಬಾಸಾಹೇಬರು ಕಾರಿನಿಂದ ಇಳಿದು ಜೋರಾಗಿ ನಮಸ್ಕಾರ ಹೇಳಿದರು. ಕೊನೆಗೆ ಇಳಿದವನು ಶ್ರೇಣಿಕ. ಅವನು ಹೊಸ್ತಿಲ ಹೊರಗೇ ನಿಂತ.

"ಒಳಗ ಬಾ," ಎಂದರು ರಾಜಮತಿ. "ಕೋರ್ಟ ಒಳಗೈತಿ."

ಟೈಪಿಸ್ಟ್ ಹುಡುಗಿ ನಗು ತಡೆದುಕೊಂಡಳು. ಶ್ರೇಣಿಕ ಒಳಗೆ ಬಂದು ಗೋಡೆಗೆ ಒರಗಿ ಕೂತ. ಮನೀಷಾ ಎಲ್ಲರಿಗೂ ಕಾಸಿ ಆರಿಸಿದ ನೀರು ಕೊಟ್ಟಳು. ಅವನು ಬೇಡವೆಂದು ತಲೆ ಅಲ್ಲಾಡಿಸಿದ.

ಸತ್ಯವನ್ನೇ ಹೇಳುತ್ತೇನೆ ಎಂದು ಪ್ರಮಾಣ ಮಾಡಿಸಿದ ಮೇಲೆ ಆಬಾಸಾಹೇಬರು ಮುಂದೆ ಸರಿದು ಕೂತರು. "ಆಜಿ, ಅಂಜಬ್ಯಾಡ್ರಿ. ಸಾವಕಾಶ ಸಾಂಗಾ, ನಿಧಾನ ಹೇಳ್ರಿ. ನಿಮ್ಮ ತಂದೀ ಸೂತಕ ಕಳದ ದಿನ ನೀವು ಕಬ್ಬೂರದಾಗ ಇದ್ರಿ?"

"ಇದ್ದೆ."

"ಊರ ಹಿರ್ಯಾರು, ಬೀಗರು ಕುಂತಿದ್ರು?"

"ಕುಂತಿದ್ರು."

"ಅವರ ಮುಂದ ನನಗ ಹೊಲ ಬ್ಯಾಡ ಅಂತ ಅಂದ್ರಿ. ಹೌದೋ ಅಲ್ಲೋ?"

ಧನಪಾಲ ಜಮಖಾನೆಯ ಅಂಚು ಹಿಡಿದುಕೊಂಡ. ಕಹಕಶಾ ತನ್ನ ಕಾಗದಗಳನ್ನು ನೋಡುತ್ತಿದ್ದಳು.

"ಹೌದು," ಎಂದರು ರಾಜಮತಿ. "ಅಂದಿದ್ದೆ."

ಆಬಾಸಾಹೇಬರು ಬರೆದು ತಂದಿದ್ದ ಪ್ರಶ್ನೆಗಳ ಹಾಳೆ ತಿರುವಿದರು. ಅವರು ಇಲ್ಲ ಎನ್ನುವ ಉತ್ತರಕ್ಕೆ ತಯಾರಾಗಿ ಬಂದಿದ್ದರು. "ಬರಂ, ಆತು. ಅದರ ಬದಲಿ ನಿಮ್ಮ ತಮ್ಮ ನಾಕ ತೊಲಿ ಬಿಲ್ವಾರ ಕೊಟ್ರು. ನಿಮ್ಮ ಸೊಸಿ ಕೈಯಾಗಿನವ ಅವ."

"ಅಲ್ಲ. ಅವು ನನ್ನ ಮದವ್ಯಾಗ ಅಪ್ಪ ಹಾಕಿದ್ವು. ತಮ್ಮ ನನಗ ಏನೂ ಕೊಡಲಿಲ್ಲ. ನಾ ಏನೂ ಕೇಳಲೂ ಇಲ್ಲ."

"ಹೊಲ ಬ್ಯಾಡ ಅಂದಾಕಿ ಕೇಸ ಯಾಕ ಹಾಕಿದ್ರಿ ಮತ್ತ?"

ಕಹಕಶಾ ತಲೆ ಎತ್ತಿದಳು. ರಾಜಮತಿ ಕಮಿಷನರ ಕಡೆ ತಿರುಗಿದರು.

"ಬರಕೋರಿ ಸಾಹೇಬ್ರ. ನಾ ಪ್ರೀತಿಲೆ ಬಿಟ್ಟಕೊಟ್ಟಿದ್ದೆ. ಮುಂದ ಒಂದ ವರ್ಷಕ್ಕ ನನ್ನ ತಮ್ಮ ಊರಾಗ, ಬಂಗಾರ ಕೊಟ್ಟು ಅಕ್ಕನ ಪಾಲ ಕೊಂಡೀನಿ ಅಂದ. ಅಕ್ಕಗ ಬಂಗಾರದ ಆಸೆ ಅಂತ ನಕ್ಕ. ನಾ ಕೊಟ್ಟಿದ್ದನ್ನ ಅಂವ ಕೊಂಡಿದ್ದು ಮಾಡಿದ. ಕೊಟ್ಟಿದ್ದು ಇಟಗೊ, ಕೊಂಡೀನಿ ಅನಬ್ಯಾಡ ಅಂತ ಹೇಳಿ ಕಳಿಸಿದೆ. ಅಂವ ಕೇಳಲಿಲ್ಲ. ಕೊಂಡಿದ್ರ ಕೋರ್ಟಿನಾಗ ತೋರಸಲಿ ಅಂತ ಕೇಸ ಹಾಕಿದೆ."

ಟೈಪಿಸ್ಟ್ ಹುಡುಗಿಯ ಬೆರಳುಗಳು ಓಡಿದವು. ಶ್ರೇಣಿಕ ನೆಲ ನೋಡುತ್ತಿದ್ದ. ಆಬಾಸಾಹೇಬರು ಇನ್ನೂ ಕೆಲವು ಪ್ರಶ್ನೆ ಕೇಳಿದರು, ಸುತ್ತಿ ಬಳಸಿ ಬಿಲ್ವಾರಕ್ಕೇ ಬಂದರು. ಉತ್ತರ ಬದಲಾಗಲಿಲ್ಲ. ಕೊನೆಗೆ ಕಮಿಷನರ್ ಎಲ್ಲವನ್ನೂ ಓದಿ ಹೇಳಿದರು. ರಾಜಮತಿ ಪೂರ್ತಿ ಕೇಳಿ ಸಹಿ ಹಾಕಿದರು.

ಹೊರಡುವಾಗ ಆಬಾಸಾಹೇಬರು ಚಪ್ಪಲಿ ಮೆಟ್ಟುತ್ತ ಕಹಕಶಾಳಿಗೆ ತಗ್ಗಿದ ದನಿಯಲ್ಲಿ, "ನಲವತ್ತ ವರ್ಷದಾಗ ಇಂಥಾ ಸಾಕ್ಷಿ ನೋಡಿಲ್ಲ ಪೋರಿ. ನಿನಗ ಚಲೋನೋ ಕೆಟ್ಟೋ, ಅದು ಮಾತ್ರ ತಿಳೀವಲ್ದು," ಎಂದರು.

"ನನಗೂ ತಿಳೀವಲ್ದ್ರಿ ಸರ್," ಎಂದಳು ಅವಳು.

* * *

ಮುಂದಿನ ವಾರಗಳು ಮನೆಯಲ್ಲಿ ಕಠಿಣವಾಗಿ ಕಳೆದವು. ದಶಲಕ್ಷಣ ಪರ್ವದ ಉಪವಾಸಗಳು ಬಂದು ಹೋದವು. ಕಬ್ಬಿಗೆ ಗೊಬ್ಬರ ಬಿತ್ತು, ಎಮ್ಮೆ ಕರು ಹಾಕಿತು. ಧನಪಾಲ ತಾಯಿಯ ಜೊತೆ ಮಾತಾಡಿದರೂ, ಕರುವಿನ ಬಗ್ಗೆ ಎರಡು, ಮಳೆಯ ಬಗ್ಗೆ ಒಂದು ಮಾತು, ಅಷ್ಟೇ. ರಾಜಮತಿ ಗಿಣ್ಣದ ಮೊದಲ ಬಟ್ಟಲನ್ನು ಅವನಿಗೇ ಕೊಡಿಸಿದರು. ಅವನು ತಿಂದ, ಚೆನ್ನಾಗಿದೆ ಎನ್ನಲಿಲ್ಲ.

ಆದರೆ ಕೋರ್ಟಿನ ದಿನ ಅವನು ತಪ್ಪಿಸುತ್ತಿರಲಿಲ್ಲ. ವಾಪಸು ಬಂದು ಮನೀಷಾಳಿಗೆ ಹೇಳುತ್ತಿದ್ದ. ಒಳಗೆ ಕೂತ ತಾಯಿಗೂ ಕೇಳಲಿ ಎಂಬಷ್ಟು ಜೋರಾಗಿ.

"ಇವತ್ತ ಶ್ರೇಣಿಕನ ಅವ್ವನ ಸಾಕ್ಷಿ ಆತು. ಆಬಾಸಾಹೇಬ್ರು ಇನ್ನೊಂದ ತಾರೀಖ ಕೊಡ್ರಿ ಅಂದ್ರ ಜಡ್ಜ್ ಸಾಹೇಬ್ರು, ಕಾರಣ ಹೇಳ್ರಿ ಅಂದ್ರು. ಕಾರಣ ಇದ್ದಿಲ್ಲ. ನಡೀರಿ ಮುಂದ ಅಂದ್ರು. ಜಡ್ಜ್ ಮಧ್ಯಾಹ್ನ ಊಟಕ್ಕೂ ಏಳಲಿಲ್ಲ, ನೀರ ಕುಡದು ಕುಂತ್ರು."

"ಪಾಪ, ಉಣ್ಣಲಿಲ್ಲೇನ?" ಒಳಗಿನಿಂದ ರಾಜಮತಿಯ ದನಿ ಬಂತು.

ಧನಪಾಲ ಹೆಂಡತಿಗೇ ಉತ್ತರ ಕೊಟ್ಟ. "ಆಮ್ಯಾಲ ಉಂಡಿರಬೇಕು."

"ಹಿಂಗ ಕುಂತ್ರ ಯಾಕ ಮುಗಿಯೂದಿಲ್ಲ ಹೇಳ್ರಿ," ಎಂದಳು ಮನೀಷಾ. ಅವಳಿಗೆ ಆ ಕಾಣದ ನ್ಯಾಯಾಧೀಶನ ಬಗ್ಗೆ ಒಂದು ರೀತಿಯ ಅಕ್ಕರೆ ಹುಟ್ಟಿತ್ತು. ಮನೆಗೆಲಸವೂ ಹಾಗೆಯೇ, ಎದ್ದು ಕೂತು ಒಂದೊಂದಾಗಿ ಮಾಡಿದರೆ ಮುಗಿಯುತ್ತದೆ, ನೋಡುತ್ತ ನಿಂತರೆ ಬೆಟ್ಟವಾಗುತ್ತದೆ.

ಶ್ರೇಣಿಕನ ತಾಯಿ ಬಿಲ್ವಾರವನ್ನು ಯಾವ ಅಕ್ಕಸಾಲಿಗ ಮಾಡಿದ, ಯಾವ ದಿನ ಕೊಟ್ಟರು ಎಂಬುದಕ್ಕೆ ಬೇರೆ ಬೇರೆ ಉತ್ತರ ಹೇಳಿದ್ದರಂತೆ. ಅಷ್ಟಾದರೂ ಧನಪಾಲನ ಮುಖ ತಿಳಿಯಾಗಲಿಲ್ಲ. "ಅಕಿ ತಪ್ಪಿದ್ರೂ ನಮ್ಮಕಿ ಒಪ್ಪಿಕೊಂಡಾಳಲ್ಲ," ಎಂದು ಗೊಣಗಿದ.

ದೀಪಾವಳಿಗೆ ಇನ್ನೂ ವಾರವಿರುವಾಗ ತೀರ್ಪು ಬಂತು. ಹೈಕೋರ್ಟು ಕೊಟ್ಟ ಗಡುವು ಆಗ ಇನ್ನೂ ಮುಗಿದಿರಲಿಲ್ಲ.

ಕಹಕಶಾ ಮತ್ತು ಧನಪಾಲ ಮಧ್ಯಾಹ್ನ ಒಟ್ಟಿಗೇ ಬಂದರು. ಧನಪಾಲ ಹೊಸ್ತಿಲಲ್ಲಿ ಚಪ್ಪಲಿ ಬಿಡುವುದನ್ನೇ ಮರೆತು ನಿಂತಿದ್ದ. ಹಿಟ್ಟಿನ ಕೈಯಲ್ಲೇ ಮನೀಷಾ ಹೊರಗೆ ಬಂದಳು. ಅವಳಿಗೆ ಸೋತೆವೆಂದೇ ಅನಿಸಿತು.

"ಅರ್ಧಾ ಪಾಲು ನಿಮಗ ಆತ್ರಿ ಅಜ್ಜಿ," ಎಂದಳು ಕಹಕಶಾ. ಚೀಲದಿಂದ ತೀರ್ಪಿನ ಪ್ರತಿ ತೆಗೆದಳು. "ಕೂಡ್ರಿ. ಒಂದಿಷ್ಟ ಓದತೀನಿ. ಕನ್ನಡದಾಗ ಐತಿ."

ರಾಜಮತಿ ಕೂತರು. ಸ್ನೇಹಲ ಅಜ್ಜಿಯ ಪಕ್ಕದಲ್ಲಿ ಕೂತಳು. ಕಹಕಶಾ ಪುಟ ತಿರುವಿ ನಿಧಾನವಾಗಿ ಓದಿದಳು:

"ಹೊಲ ಬೇಡವೆಂದು ತಾನು ಹೇಳಿದ್ದು ನಿಜವೆಂದು ವಾದಿಯೇ ಒಪ್ಪಿದ್ದಾರೆ. ಅಲ್ಲಗಳೆದಿದ್ದರೆ ಅದನ್ನು ಸಾಬೀತು ಮಾಡುವುದು ಪ್ರತಿವಾದಿಗಳಿಗೆ ಕಷ್ಟವಿತ್ತು. ತನಗೇ ವಿರುದ್ಧವಾದ ಮಾತನ್ನು ಮುಚ್ಚಿಡದ ಸಾಕ್ಷಿ, ಚಿನ್ನ ಪಡೆದಿಲ್ಲವೆಂದು ಹೇಳುವಾಗ ಸುಳ್ಳು ಹೇಳುತ್ತಿದ್ದಾರೆ ಎನ್ನಲು ಈ ನ್ಯಾಯಾಲಯಕ್ಕೆ ಕಾರಣ ಕಾಣುವುದಿಲ್ಲ. ದುಃಖದ ದಿನ ಅಕ್ಕರೆಯಿಂದ ಆಡಿದ ಮಾತು ಹಕ್ಕನ್ನು ಕಳೆಯುವುದಿಲ್ಲ. ಪಾಲನ್ನು ಕೊಂಡೆವೆಂಬ ವಾದ ಸಾಬೀತಾಗಿಲ್ಲ."

ಕೊಟ್ಟಿಗೆಯಲ್ಲಿ ಕರು ಕೂಗಿತು.

"ಕೊಂಡಿಲ್ಲ ಅಂತ ಬರದಾರ?" ರಾಜಮತಿ ಕೇಳಿದರು.

"ಬರದಾರ್ರಿ."

"ಸಾಕು."

"ಶ್ರೇಣಿಕ ಅಪೀಲ ಹೋಗಬಹುದ್ರಿ ಅಜ್ಜಿ. ಅವರಿಗೆ ಹಕ್ಕೈತಿ."

"ಹೋಗಲಿ. ಕೆಳಗಿನವ್ರಿಗೆ ಲಗೂನ ಮುಗಸ್ರಿ ಅಂದವ್ರು, ತಮ್ಮ ಕಡೆ ಬಂದ್ರ ತಡಾ ಮಾಡತಾರೇನ?"

ಕಹಕಶಾ ನಕ್ಕು ಕಣ್ಣು ಒರೆಸಿಕೊಂಡಳು. ಮನೀಷಾ ಅವಳಿಗೆ ತಾಟು ಹಾಕಲು ಒಳಗೆ ಹೋದಳು; ಸ್ನೇಹಲ ಆ ಪುಟವನ್ನು ಕೈಗೆ ತೆಗೆದುಕೊಂಡು ಮತ್ತೆ ಮೊದಲಿನಿಂದ ಓದತೊಡಗಿದಳು.

ಧನಪಾಲ ಈಗ ಚಪ್ಪಲಿ ಬಿಟ್ಟ. ಬಂದು ತಾಯಿಯ ಎದುರು ನೆಲದ ಮೇಲೆ ಕೂತ. ಎಷ್ಟೋ ವಾರಗಳ ಮೇಲೆ ಅವನು ಅವರ ಮುಖ ನೋಡಿದ.

"ಅವ್ವಾ, ನಾ ಹೇಳಿದಂಗ ನೀ ಹೇಳಿದ್ರ ಸೋಲತಿದ್ವಿ."

ರಾಜಮತಿ ಮಗನ ಅಂಗಿಗೆ ಹತ್ತಿದ್ದ ಕಬ್ಬಿನ ರವದಿಯ ಒಣ ಎಲೆಯ ಚೂರನ್ನು ತೆಗೆದು ಹಾಕಿದರು.

"ಸೋಲತೀನಿ ಅಂತ ಗೊತ್ತಿದ್ರೂ ಅದನ್ನ ಹೇಳತಿದ್ದೆ ಮಗಾ."

"ಗೊತ್ತೈತಿ," ಎಂದ ಧನಪಾಲ. "ಅದಕ್ಕ ನನಗ ಅಷ್ಟ ಅಂಜಿಕಿ ಆಗಿತ್ತು."